ತಳದ ದನಿ: ‘ಬಾಡಿ ಅಂಡ್ ಸೋಲ್’ ಹಾಡಿನ ಧ್ವನಿಮುದ್ರಣಗಳು

ಈಚೆಗೆ ನಮ್ಮ ಸಂಗೀತ ಸಭೆಗಳ ಸ್ಮರಣಸಂಚಿಕೆಗಳಲ್ಲಿ, ಫ್ಯೂಷನ್ ಕಛೇರಿಗಳ ಆರಂಭದ ಭಾಷಣಗಳಲ್ಲಿ ಒಂದು ಮಾತು ಪದೇ ಪದೇ ಬರುತ್ತಿದೆ: ಜಾಝ್ ಎಂದರೆ ಅಮೆರಿಕದವರ ಆಲಾಪನೆ. ಒಂದು ಉದಾಹರಣೆ ಕೊಡಿ ಎಂದರೆ ಹತ್ತರಲ್ಲಿ ಎಂಟು ಜನ ಕೋಲ್ಮನ್ ಹಾಕಿನ್ಸ್ 1939ರಲ್ಲಿ ಸ್ಯಾಕ್ಸೊಫೋನಿನಲ್ಲಿ ನುಡಿಸಿದ ‘ಬಾಡಿ ಅಂಡ್ ಸೋಲ್’ ತಟ್ಟೆಯನ್ನು ಹೆಸರಿಸುತ್ತಾರೆ. ಹಾಡಿನ ಧಾಟಿಯನ್ನು ಎರಡು ಸಾಲಿಗೇ ಬಿಟ್ಟುಕೊಟ್ಟು ಮಿಕ್ಕದ್ದನ್ನೆಲ್ಲ ಮನೋಧರ್ಮದಲ್ಲೇ ನುಡಿಸಿದನಲ್ಲ, ಆಲಾಪನೆ ಅಲ್ಲದೆ ಇನ್ನೇನು ಎಂಬುದು ಅವರ ವಾದ. ಕೇಳಲು ಹಿತವಾದ ಮಾತು. ಆದರೆ ಆ ತಟ್ಟೆಯಲ್ಲಿ ನಡೆಯುವುದು ಹೆಚ್ಚುಕಡಿಮೆ ಅದಕ್ಕೆ ತದ್ವಿರುದ್ಧವಾದದ್ದು. ಈ ಒಂದು ಹಾಡಿನ ಧ್ವನಿಮುದ್ರಣಗಳನ್ನು ಕಾಲಕ್ರಮದಲ್ಲಿ ಕೇಳುತ್ತ ಬಂದವರಿಗೆ ಅದು ಗೊತ್ತಾಗದೆ ಇರದು.

ಹುಟ್ಟಿನ ಕಥೆ ಚಿಕ್ಕದು. 1930ರಲ್ಲಿ ನ್ಯೂಯಾರ್ಕಿನಲ್ಲಿ, ಇನ್ನೂ ಇಪ್ಪತ್ತೆರಡು ತುಂಬದ ಜಾನಿ ಗ್ರೀನ್ ಬ್ರಿಟಿಷ್ ರಂಗನಟಿ ಗರ್ಟ್ರೂಡ್ ಲಾರೆನ್ಸ್‌ಗಾಗಿ ಇದರ ಮಟ್ಟು ಹಾಕಿದ. ಸಾಹಿತ್ಯಕ್ಕೆ ಎಡ್ವರ್ಡ್ ಹೇಮನ್, ರಾಬರ್ಟ್ ಸೌರ್, ಫ್ರಾಂಕ್ ಐಟನ್ ಎಂಬ ಮೂವರ ಹೆಸರಿದೆ. ಮೂವರು ಕೂಡಿ ಬರೆದ ಸಾಹಿತ್ಯ ಒಬ್ಬನೇ ಬರೆದಷ್ಟು ಚೆನ್ನಾಗಿಲ್ಲ ಎಂಬ ಗೊಣಗಾಟ ಅಂದಿನಿಂದಲೂ ಇದೆ, ನನ್ನದೂ ಅದೇ ಅಭಿಪ್ರಾಯ. ಲಾರೆನ್ಸ್ ಹಾಡನ್ನು ಲಂಡನ್ನಿಗೆ ಕೊಂಡೊಯ್ದಳು. ಹೀಗಾಗಿ ಅಮೆರಿಕದಲ್ಲಿ ಹುಟ್ಟಿದ ಹಾಡು ಮೊದಲು ತಟ್ಟೆಗೆ ಇಳಿದದ್ದು ಇಂಗ್ಲೆಂಡಿನಲ್ಲಿ. ಅದೇ ವರ್ಷ ಜಾಕ್ ಹಿಲ್ಟನ್ನನ ನೃತ್ಯವಾದ್ಯವೃಂದ ಅದನ್ನು ಮುದ್ರಿಸಿತು. ಅಕ್ಟೋಬರಿನಲ್ಲಿ ಬ್ರಾಡ್‌ವೇಯ ‘ತ್ರೀಸ್ ಎ ಕ್ರೌಡ್’ ಎಂಬ ಪ್ರದರ್ಶನದಲ್ಲಿ ಲಿಬ್ಬಿ ಹೋಲ್ಮನ್ ಹಾಡಿದ ಮೇಲೆ ಅಮೆರಿಕಕ್ಕೂ ಹುಚ್ಚು ಹಿಡಿಯಿತು. ಪಾಲ್ ವೈಟ್‌ಮನ್ನನ ತಟ್ಟೆ ಧಾರಾಳವಾಗಿ ಮಾರಾಟವಾಯಿತು. ಇವೆಲ್ಲ ಕುಣಿಯುವವರಿಗಾಗಿ ಮಾಡಿದ ತಟ್ಟೆಗಳು. ಇವತ್ತು ಚರಿತ್ರೆಗಾಗಿ ಕೇಳಬೇಕೇ ಹೊರತು ಸುಖಕ್ಕಾಗಿ ಅಲ್ಲ. ಅದೇ ಅಕ್ಟೋಬರಿನಲ್ಲಿ ಲಾಸ್ ಏಂಜಲೀಸಿನಲ್ಲಿ ಲೂಯಿ ಆರ್ಮ್‌ಸ್ಟ್ರಾಂಗ್ ಇದನ್ನು ನುಡಿಸಿ ಹಾಡಿದ್ದು ಮಾತ್ರ ಬೇರೆ ಜಾತಿಗೆ ಸೇರಿದ್ದು. ಜಾಝ್‌ನವರು ಈ ಹಾಡಿಗೆ ಕೈಹಾಕಿದ್ದು ಅಲ್ಲಿಂದ.

ಯಾಕೆ ಕೈಹಾಕಿದರು ಎಂಬುದಕ್ಕೆ ಹಾಡಿನ ಕಟ್ಟಡವನ್ನು ನೋಡಬೇಕು. ಒಟ್ಟು ಮೂವತ್ತೆರಡು ಬಾರ್‌ಗಳು; ಬಾರ್ ಎಂದರೆ ಇಲ್ಲಿ ನಾಲ್ಕು ಎಣಿಕೆಯ ಒಂದು ಅಳತೆ. ಎಂಟೆಂಟರ ನಾಲ್ಕು ಭಾಗ. ಮೊದಲನೆಯದು, ಎರಡನೆಯದು, ನಾಲ್ಕನೆಯದು ಒಂದೇ ಧಾಟಿ. ಮೂರನೆಯದನ್ನು ಅವರು ಬ್ರಿಡ್ಜ್ ಎನ್ನುತ್ತಾರೆ. ಆ ಕಾಲದ ನೂರಾರು ಹಾಡುಗಳಿಗೆ ಇದೇ ಅಚ್ಚು. ಇಲ್ಲಿನ ವಿಶೇಷ ಎಂದರೆ, ಹಾಡು ತನ್ನ ಆಧಾರದ ಕಾರ್ಡ್ (ಒಟ್ಟಿಗೆ ಮೊಳಗುವ ಸ್ವರಗುಚ್ಛ) ಮೇಲೆ ಶುರುವಾಗುವುದೇ ಇಲ್ಲ. ಡಿ-ಫ್ಲ್ಯಾಟ್ ಎಂದು ಹೆಸರು ಹೇಳಿ, ಅದರ ಎರಡನೆಯ ಸ್ವರದ ಮೈನರ್ ಕಾರ್ಡಿನಿಂದ ಹೊರಟು, ಆಮೇಲೆ ಮನೆಗೆ ಬರುತ್ತದೆ. ಬ್ರಿಡ್ಜ್ ಬಂದಾಗ ಶ್ರುತಿಯೇ ಅರ್ಧ ಸ್ವರ ಮೇಲೇರಿ ಡಿ ಆಗುತ್ತದೆ. ನಾಲ್ಕು ಬಾರ್ ಮುಗಿಯುವಷ್ಟರಲ್ಲಿ ಒಂದು ಪೂರ್ತಿ ಸ್ವರ ಕುಸಿದು ಸಿ ಆಗುತ್ತದೆ. ಕೊನೆಯಲ್ಲಿ ಅರ್ಧರ್ಧ ಸ್ವರದ ಮೆಟ್ಟಿಲಿಳಿದು ಮತ್ತೆ ಶುರುವಿನ ಕಾರ್ಡಿಗೆ ಬಂದು ನಿಲ್ಲುತ್ತದೆ.

ನಮ್ಮ ಆಲಾಪನೆಗೆ ತಂಬೂರಿ ಇದೆ. ಷಡ್ಜ ಪಂಚಮ ಕದಲುವುದಿಲ್ಲ, ತಾಳದ ಹಂಗಿಲ್ಲ, ಎಷ್ಟು ಹೊತ್ತು ಬೇಕಾದರೂ ಗಾಂಧಾರದಲ್ಲೇ ಕೂರಬಹುದು. ಇಲ್ಲಿ ಅದಾವುದೂ ಇಲ್ಲ. ಆವರ್ತ ಮೂವತ್ತೆರಡು ಬಾರ್‌ಗಳಿಗೆ ಕಟ್ಟಿಟ್ಟದ್ದು. ಒಂದೊಂದು ಬಾರಿಗೆ, ಕೆಲವೆಡೆ ಅರ್ಧ ಬಾರಿಗೇ, ಕಾಲಡಿಯ ಕಾರ್ಡ್ ಬದಲಾಗುತ್ತದೆ. ಗ್ರಹಭೇದದಲ್ಲಿ ಸ್ವರಗಳು ಅವೇ ಇದ್ದು ಷಡ್ಜ ಮಾತ್ರ ಸರಿಯುತ್ತದೆ. ಇಲ್ಲಿ ಷಡ್ಜದ ಜತೆಗೆ ಇಡೀ ಸ್ವರಸ್ಥಾನಗಳೇ ಎದ್ದು ಹೋಗುತ್ತವೆ. ನುಡಿಸುವವನಿಗೆ ಸ್ವಾತಂತ್ರ್ಯ ಇರುವುದು ಈ ಕಟ್ಟಿನ ಒಳಗೆ, ಕಟ್ಟಿನ ಕಾರಣದಿಂದಲೇ. ಈಗ ನೆಲ ಎಲ್ಲಿದೆ ಎಂದು ಕ್ಷಣಕ್ಷಣಕ್ಕೂ ಹೇಳುತ್ತ ಹೋಗುವವನು ಒಬ್ಬ ಬೇಕು. ಅವನೇ ಬೇಸ್ ಎಂಬ ಮಂದ್ರದ ತಂತಿವಾದ್ಯ ನುಡಿಸುವವ. ಈ ಹಾಡಿನ ಚರಿತ್ರೆ ಬರೆಯುವವರು ಯಾವಾಗಲೂ ಸ್ಯಾಕ್ಸೊಫೋನಿನ ಹಿಂದೆ ಹೋಗುತ್ತಾರೆ. ಹಾಡಿಗೆ ನಿಜವಾದ ತಿರುವುಗಳು ಬಂದದ್ದು ತಳದಲ್ಲಿ.

ಮೂವತ್ತರ ದಶಕದ ತಟ್ಟೆಗಳಲ್ಲಿ ಈ ತಳ ಇನ್ನೂ ಕಿವಿಗೆ ಬೀಳುವುದಿಲ್ಲ. 1935ರ ಜುಲೈಯಲ್ಲಿ ಬೆನ್ನಿ ಗುಡ್‌ಮನ್, ಟೆಡ್ಡಿ ವಿಲ್ಸನ್, ಜೀನ್ ಕ್ರೂಪಾ ಸೇರಿ ಮಾಡಿದ ತಟ್ಟೆಯಲ್ಲಿ ಬೇಸ್ ಇಲ್ಲವೇ ಇಲ್ಲ. ವಿಲ್ಸನ್ನನ ಎಡಗೈಯೇ ಆ ಕೆಲಸ ಮಾಡುತ್ತದೆ, ಎಷ್ಟು ಮೆತ್ತಗೆ ಎಂದರೆ ಕೊರತೆ ಗೊತ್ತಾಗುವುದಿಲ್ಲ. ಬಿಳಿಯರೂ ಕರಿಯರೂ ಒಂದೇ ವೇದಿಕೆಯಲ್ಲಿ ಕೂತು ನುಡಿಸಲಾಗದ ಕಾಲದಲ್ಲಿ ಸ್ಟುಡಿಯೋದೊಳಗೆ ಆದ ಕೂಟ ಅದು. ಮೂವರೂ ಜನರೆದುರು ಕೂರಲು ಮರುವರ್ಷದವರೆಗೆ ಕಾಯಬೇಕಾಯಿತು. 1937ರಲ್ಲಿ ಪ್ಯಾರಿಸಿನಲ್ಲಿ ಜ್ಯಾಂಗೊ ರೈನ್‌ಹಾರ್ಟ್ ಗಿಟಾರಿನಲ್ಲಿ ಇದನ್ನು ನುಡಿಸಿದ, ಅದೇ ವರ್ಷ ಆರ್ಟ್ ಟೇಟಮ್ ಪಿಯಾನೋದಲ್ಲಿ. ಟೇಟಮ್ ಬಗ್ಗೆ ಏನು ಹೇಳಿದರೂ ಕಡಿಮೆಯೇ. ಆದರೆ ಅವನ ಕೈಯಲ್ಲಿ ಎಲ್ಲ ಹಾಡೂ ಕೊನೆಗೆ ಟೇಟಮ್ ಆಗಿಬಿಡುತ್ತದೆ.

1938ರ ನವೆಂಬರಿನಲ್ಲಿ ಚೂ ಬೆರ್ರಿ ಮತ್ತು ರಾಯ್ ಎಲ್ಡ್ರಿಜ್ ಕಾಮೊಡೋರ್ ಎಂಬ ಚಿಕ್ಕ ಕಂಪನಿಗೆ ಮಾಡಿದ ತಟ್ಟೆಗೆ ಮಾತ್ರ ಸಲ್ಲಬೇಕಾದ ಗೌರವ ಇನ್ನೂ ಸಂದಿಲ್ಲ. ಬೆರ್ರಿ ಸ್ಯಾಕ್ಸೊಫೋನನ್ನು ಸಾವಧಾನವಾಗಿ ನುಡಿಸುತ್ತಾನೆ, ಎಲ್ಡ್ರಿಜ್ ಟ್ರಂಪೆಟ್ ಹಿಡಿದಾಗ ನಡೆ ಎರಡನೇ ಕಾಲಕ್ಕೆ ಏರುತ್ತದೆ. ಹೀಗೆ ಕಾಲ ಏರಿಸಬಹುದೆಂಬ ಆಸೆ ಆಗ ಹಲವರಿಗಿತ್ತು. ಕನ್ಸಾಸ್ ಸಿಟಿಯ ಹುಡುಗ ಚಾರ್ಲಿ ಪಾರ್ಕರ್ ಇದೇ ಹಾಡನ್ನು ದುಪ್ಪಟ್ಟು ವೇಗದಲ್ಲಿ ನುಡಿಸಲು ಹೋಗಿ, ದೊಡ್ಡವರ ಮುಂದೆ ನಗೆಗೀಡಾದದ್ದನ್ನು ಮುಂದೆ ತಾನೇ ಹೇಳಿಕೊಂಡಿದ್ದಾನೆ. ಅವನು ಸುಮಾರು 1940ರಲ್ಲಿ ಯಾವ ಪಕ್ಕವಾದ್ಯವೂ ಇಲ್ಲದೆ, ಖಾಸಗಿಯಾಗಿ ತಟ್ಟೆಗಿಳಿಸಿದ ತುಣುಕಿನಲ್ಲೂ ಈ ಹಾಡಿದೆ. ಚೂ ಬೆರ್ರಿ 1941ರಲ್ಲಿ ಕಾರು ಅಪಘಾತದಲ್ಲಿ ತೀರಿಕೊಂಡ. ಬದುಕಿದ್ದಿದ್ದರೆ ನಾವು ಇವತ್ತು ಒಬ್ಬನ ಹೆಸರನ್ನಷ್ಟೇ ಹೇಳುತ್ತಿರಲಿಲ್ಲ.

ಆ ಒಬ್ಬ ಹಾಕಿನ್ಸ್. 1934ರಲ್ಲಿ ಅವನನ್ನು ಯೂರೋಪಿಗೆ ಕರೆಸಿಕೊಂಡವನು ಜಾಕ್ ಹಿಲ್ಟನ್, ಅಂದರೆ ಈ ಹಾಡನ್ನು ಮೊದಲು ತಟ್ಟೆಗಿಳಿಸಿದ ಅದೇ ಹಿಲ್ಟನ್. ಐದು ವರ್ಷ ಅಲ್ಲಿದ್ದು, ಯುದ್ಧದ ಮೋಡ ಕವಿದಾಗ ಹಾಕಿನ್ಸ್ ನ್ಯೂಯಾರ್ಕಿಗೆ ವಾಪಸಾದ. 1939ರ ಅಕ್ಟೋಬರ್ 11ರಂದು ಆರ್‌ಸಿಎ ಕಂಪನಿಯ ಅಗ್ಗದ ಶಾಖೆ ಬ್ಲೂಬರ್ಡ್‌ಗಾಗಿ ನುಡಿಸಿದ. ಜೀನ್ ರಾಜರ್ಸ್‌ನ ಪಿಯಾನೋ ಮುನ್ನುಡಿ, ಆಮೇಲೆ ಎರಡು ಆವರ್ತ, ಅರವತ್ತನಾಲ್ಕು ಬಾರ್, ಮೂರು ನಿಮಿಷ. ಹಾಡಿನ ಧಾಟಿ ಮೊದಲ ಕೆಲವು ಬಾರ್‌ಗಳಲ್ಲಿ ಸುಳಿದು ಮಾಯವಾಗುತ್ತದೆ. ಧಾಟಿ ಹೋಯಿತು, ಹಾಡು ಹೋಗಲಿಲ್ಲ. ಒಂದೊಂದು ಕಾರ್ಡಿನ ಸ್ವರಗಳನ್ನೂ ಬಿಡಿಸಿ, ಮುಂದಿನ ಕಾರ್ಡಿಗೆ ಕೊಂಡಿ ಹಾಕಿ, ಹಾಕಿನ್ಸ್ ಲೆಕ್ಕ ಒಪ್ಪಿಸುವವನಷ್ಟು ಕಟ್ಟುನಿಟ್ಟಾಗಿ ನುಡಿಸುತ್ತಾನೆ. ಆ ತಟ್ಟೆಯ ಜೊತೆ ಮೂಲ ಹಾಡನ್ನು ನೀವು ಗುನುಗಿದರೆ ಒಂದು ಬಾರೂ ತಪ್ಪದೆ ಕೂಡುತ್ತದೆ. ಆಲಾಪನೆ ಎನ್ನುವವರು ದಯವಿಟ್ಟು ಇದೊಂದು ಪರೀಕ್ಷೆ ಮಾಡಿ ನೋಡಲಿ.

ಆಶ್ಚರ್ಯವೆಂದರೆ ಇಷ್ಟು ಕಠಿಣವಾದದ್ದು ಜ್ಯೂಕ್‌ಬಾಕ್ಸುಗಳಲ್ಲಿ ಕಾಸು ಹಾಕಿ ಕೇಳುವ ಜನಪ್ರಿಯ ತಟ್ಟೆಯಾಯಿತು. ಜನ ಸೋಲೋವನ್ನೇ ಬಾಯಿಪಾಠ ಮಾಡಿದರು. ಎಡ್ಡಿ ಜೆಫರ್ಸನ್ ಅದರ ಒಂದೊಂದು ಸ್ವರಕ್ಕೂ ಹೊಸ ಸಾಹಿತ್ಯ ಹೊಂದಿಸಿ ಹಾಡಿದ. 1944ರಲ್ಲಿ ಹಾಕಿನ್ಸ್ ಮೂಲದ ಧಾಟಿಯನ್ನು ಸಂಪೂರ್ಣ ಕೈಬಿಟ್ಟು, ಕಾರ್ಡ್‌ಗಳನ್ನಷ್ಟೇ ಉಳಿಸಿಕೊಂಡು ‘ರೇನ್‌ಬೋ ಮಿಸ್ಟ್’ ಎಂಬ ಹೊಸ ಹೆಸರಿನಲ್ಲಿ ಮುದ್ರಿಸಿದ. ಆ ತಂಡದಲ್ಲಿ ಡಿಜ್ಜಿ ಗಿಲೆಸ್ಪಿ, ಮ್ಯಾಕ್ಸ್ ರೋಚ್ ಇದ್ದರು, ಬೇಸ್‌ನಲ್ಲಿ ಆಸ್ಕರ್ ಪೆಟಿಫೋರ್ಡ್. ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ 2004ರಲ್ಲಿ 1939ರ ತಟ್ಟೆಯನ್ನು ರಾಷ್ಟ್ರೀಯ ಧ್ವನಿಮುದ್ರಣ ದಾಖಲೆಗೆ ಸೇರಿಸಿತು. ಎಲ್ಲ ಸರಿ. ಆದರೆ ಈ ತಟ್ಟೆಯಲ್ಲಿ ಬೇಸ್ ನುಡಿಸಿದವನು ಯಾರು ಎಂದು ಕೇಳಿದರೆ ಬಲ್ಲವರೂ ತಲೆ ಕೆರೆದುಕೊಳ್ಳುತ್ತಾರೆ. ಅವನು ವಿಲಿಯಂ ಆಸ್ಕರ್ ಸ್ಮಿತ್. ಮುಂದೆ ಸಂಗೀತದ ಮೇಷ್ಟ್ರಾದ. ಬಡಮಕ್ಕಳಿಗೆ ಸಂಗೀತ ಕಲಿಸುವ, ಅವನ ಹೆಸರಿನದೇ ಒಂದು ಶಾಲೆ ನ್ಯಾಶ್‌ವಿಲ್‌ನಲ್ಲಿ ಇವತ್ತೂ ಇದೆ.

ಬೇಸ್ ಮೊದಲ ಬಾರಿ ಮುಂದೆ ಬಂದು ನಿಂತದ್ದು ಹಾಕಿನ್ಸ್ ತಟ್ಟೆಯ ಮರುವರ್ಷ. ಡ್ಯೂಕ್ ಎಲಿಂಗ್ಟನ್ ತನ್ನ ತಂಡಕ್ಕೆ ಸೇರಿಸಿಕೊಂಡ ಜಿಮ್ಮಿ ಬ್ಲಾಂಟನ್ ಎಂಬ ಇಪ್ಪತ್ತೊಂದರ ಹುಡುಗನನ್ನು 1940ರ ಅಕ್ಟೋಬರ್ 1ರಂದು ಷಿಕಾಗೋದ ಸ್ಟುಡಿಯೋದಲ್ಲಿ ತನ್ನ ಪಿಯಾನೋದ ಎದುರು ನಿಲ್ಲಿಸಿಕೊಂಡ. ಇಬ್ಬರೇ. ಧಾಟಿಯನ್ನು ಬ್ಲಾಂಟನ್ ನುಡಿಸುತ್ತಾನೆ, ಕಮಾನಿನಿಂದಲೂ ಬೆರಳಿನಿಂದಲೂ; ಎಲಿಂಗ್ಟನ್ ಪಕ್ಕವಾದ್ಯದವನಂತೆ ಅಲ್ಲೊಂದು ಇಲ್ಲೊಂದು ಕಾರ್ಡ್ ಇಟ್ಟು ಸುಮ್ಮನಾಗುತ್ತಾನೆ. ಕಮಾನಿನ ಕೆಲವು ಸ್ವರಗಳಲ್ಲಿ ಶ್ರುತಿ ಕೊಂಚ ಜಾರುತ್ತದೆ ಎಂದು ವಿಮರ್ಶಕರು ಹೇಳಿದ್ದುಂಟು. ಜಾರುತ್ತದೆ ನಿಜ. ಹಾಗೆಂದು ಈ ತಟ್ಟೆಯನ್ನು ತಳ್ಳಿಹಾಕುವವರು ಹಾಡಿನ ಒಳಗೆ ಏನಿದೆ ಎಂದು ತಿಳಿಯುವ ಅತ್ಯುತ್ತಮ ಅವಕಾಶವನ್ನು ಕಳೆದುಕೊಳ್ಳುತ್ತಾರೆ. ಹಾಕಿನ್ಸ್ ಅಡಿಯಿಂದ ಸ್ಮಿತ್ ಹೇಳುತ್ತಿದ್ದುದನ್ನೇ ಬ್ಲಾಂಟನ್ ಎದುರಿಗೆ ಬಂದು ಹೇಳಿದ. ಕ್ಷಯರೋಗದಿಂದ ಅವನು 1942ರಲ್ಲಿ ಹೋದಾಗ ವಯಸ್ಸು ಇಪ್ಪತ್ತಮೂರು.

ಅದೇ 1940ರ ಫೆಬ್ರವರಿಯಲ್ಲಿ ಬಿಲ್ಲಿ ಹಾಲಿಡೇ ಹಾಡಿದ್ದಳು. ಅವಳೇ 1957ರಲ್ಲಿ, ಬೆನ್ ವೆಬ್‌ಸ್ಟರ್ ಜೊತೆಗಿರುವ, ಈ ಹಾಡಿನ ಹೆಸರನ್ನೇ ಹೊತ್ತ ಆಲ್ಬಂನಲ್ಲಿ ಮತ್ತೆ ಹಾಡಿದಳು. ದನಿ ಆಗ ಒಡೆದಿತ್ತು. ಒಡೆದ ದನಿಯದೇ ಶ್ರೇಷ್ಠ ಎನ್ನುವ ಒಂದು ಪಂಥ ಇದೆ. ದುಃಖವನ್ನು ಕಲೆಯ ಗುಣವೆಂದು ಎಣಿಸುವ ಈ ಅಭ್ಯಾಸ ನನಗೆ ಒಗ್ಗಿಲ್ಲ. 1940ರದನ್ನೇ ನಾನು ಮೇಲೆ ಇಡುತ್ತೇನೆ.

ನಲವತ್ತು ಐವತ್ತರ ದಶಕಗಳನ್ನು ಬೇಗ ದಾಟುತ್ತೇನೆ. ಬಡ್ ಪೊವೆಲ್‌ನ 1950ರ ತಟ್ಟೆಯನ್ನು ಬಿಟ್ಟರೆ, ಬೀಬಾಪ್ ಎಂಬ ವೇಗದ ಹೊಸ ಜಾಝ್ ಶೈಲಿಯವರಿಗೆ ಈ ಹಾಡು ಲಯದ ಕಸರತ್ತಿಗೆ ಒದಗಿದ್ದೇ ಹೆಚ್ಚು. 1958ರಲ್ಲಿ ಸಾನಿ ರೋಲಿನ್ಸ್ ಒಂದು ಆಲ್ಬಂನಲ್ಲಿ ಡ್ರಮ್ಮು, ಬೇಸು, ಪಿಯಾನೋ ಎಲ್ಲವನ್ನೂ ಹೊರಗಿಟ್ಟು ಸ್ಯಾಕ್ಸೊಫೋನ್ ಒಂದರಲ್ಲೇ ಇದನ್ನು ನುಡಿಸಿದ. ಬೇಸ್ ಇಲ್ಲದೆಯೂ ತಳ ಕೇಳಿಸುವಂತೆ ಮಾಡುವುದು ಅಲ್ಲಿನ ಸಾಧನೆ. ಕಾರ್ಡ್ ಬದಲಾದ ಪ್ರತಿ ಜಾಗವನ್ನೂ ಅವನು ಕೆಳಗಿನ ಸ್ವರ ಮುಟ್ಟಿ ಗುರುತು ಮಾಡುತ್ತಾನೆ. ಐದು ವರ್ಷದ ಮೇಲೆ ಅವನೂ ಹಾಕಿನ್ಸೂ ಒಂದೇ ಆಲ್ಬಂನಲ್ಲಿ ಎದುರಾಬದುರಾದರು. ಅಷ್ಟೊಂದು ಹಳೆಯ ಹಾಡುಗಳನ್ನು ನುಡಿಸಿದವರು ಈ ಒಂದನ್ನು ಮಾತ್ರ ಮುಟ್ಟಲಿಲ್ಲ. ಇಬ್ಬರೂ ಜಾಣರು.

ಇನ್ನು ನಾನು ನಿಧಾನಿಸುವ ಜಾಗ. ನಮ್ಮ ವಯಸ್ಸಿನವರು ಜಾಝ್ ಕಲಿತದ್ದು ಶಾರ್ಟ್‌ವೇವ್ ರೇಡಿಯೋದ ವಿಲಿಸ್ ಕೊನೋವರ್ ಕಾರ್ಯಕ್ರಮದಿಂದ, ಕೈಯಿಂದ ಕೈಗೆ ಸಾಗಿದ ಎಲ್‌ಪಿಗಳಿಂದ, ಆಮೇಲೆ ಒಂದಕ್ಕೆ ಹತ್ತಾಗಿ ನಕಲಾದ ಕ್ಯಾಸೆಟ್‌ಗಳಿಂದ. 1978ರಲ್ಲಿ ಮುಂಬಯಿಯಲ್ಲಿ ಜಾಝ್ ಯಾತ್ರಾ ಉತ್ಸವ ಶುರುವಾದಾಗ ರೋಲಿನ್ಸ್ ಬಂದು ನುಡಿಸಿದ್ದು ನಮ್ಮ ಪೀಳಿಗೆಗೆ ದೊಡ್ಡ ಸಂಗತಿ. ಆದರೆ ‘ಬಾಡಿ ಅಂಡ್ ಸೋಲ್’ ಎಂದರೆ ನಮ್ಮಲ್ಲಿ ಹೆಚ್ಚಿನವರಿಗೆ ಸ್ಯಾಕ್ಸೊಫೋನ್ ವಾದಕ ಜಾನ್ ಕೋಲ್ಟ್ರೇನ್.

1960ರ ಅಕ್ಟೋಬರ್ 24ರಂದು, ‘ಮೈ ಫೇವರಿಟ್ ಥಿಂಗ್ಸ್’ ಮುದ್ರಣ ನಡೆಯುತ್ತಿದ್ದ ಅದೇ ವಾರ, ಕೋಲ್ಟ್ರೇನ್ ಇದನ್ನು ನುಡಿಸಿದ. ಅಟ್ಲಾಂಟಿಕ್ ಕಂಪನಿ ನಾಲ್ಕು ವರ್ಷ ಇಟ್ಟುಕೊಂಡು, ಅವನು ಬೇರೆ ಕಂಪನಿಗೆ ಹೋದ ಮೇಲೆ 1964ರಲ್ಲಿ ‘ಕೋಲ್ಟ್ರೇನ್ಸ್ ಸೌಂಡ್’ ಆಲ್ಬಂನಲ್ಲಿ ಹೊರತಂದಿತು. ಅಲ್ಲಿ ಮೊದಲು ಬದಲಾದದ್ದು ತಳ. ಸ್ಟೀವ್ ಡೇವಿಸ್‌ನ ಬೇಸ್ ಕಾರ್ಡುಗಳ ಹಿಂದೆ ಓಡುವುದನ್ನು ಬಿಟ್ಟು ಡಿ-ಫ್ಲ್ಯಾಟಿನ ಪಂಚಮದ ಮೇಲೆ ಕೂತುಬಿಡುತ್ತದೆ. ಅದೇ ಸ್ವರವನ್ನು ಮತ್ತೆ ಮತ್ತೆ ಮೀಟುತ್ತದೆ. ಮೆಕಾಯ್ ಟೈನರ್‌ನ ಪಿಯಾನೋ ಅದರ ಮೇಲೆ ತೂಗುತ್ತದೆ. ಎಲ್ವಿನ್ ಜೋನ್ಸ್ ನಡೆಯನ್ನು ಮಧ್ಯಮ ಕಾಲಕ್ಕೆ ತಂದಿದ್ದಾನೆ, ಗೋಳಿನ ಎಳೆತ ಇಲ್ಲ. ಬ್ರಿಡ್ಜ್ ಬಂದಾಗ ಮಾತ್ರ ಬೇಸ್ ಎದ್ದು ಹೊರಡುತ್ತದೆ. ಅಲ್ಲಿ ಕೋಲ್ಟ್ರೇನ್ ಹಿಂದಿನ ವರ್ಷ ‘ಜೈಂಟ್ ಸ್ಟೆಪ್ಸ್’ನಲ್ಲಿ ಸಾಧಿಸಿದ ದಾರಿಯನ್ನೇ ತೊಡಿಸಿದ್ದಾನೆ. ಶ್ರುತಿ ದೊಡ್ಡ ಗಾಂಧಾರದ ಅಂತರದಲ್ಲಿ ಹಾರುತ್ತ ಹೋಗುತ್ತದೆ. ಕದಲದ ಭಾಗ ಮೂರು, ಕದಡಿದ ಭಾಗ ಒಂದು. ಮೂವತ್ತು ವರ್ಷ ಹಳೆಯ ಹಾಡಿನಲ್ಲಿ ಮೊದಲಿನಿಂದ ಅಡಗಿದ್ದ ವ್ಯತ್ಯಾಸವನ್ನೇ ಹಿಗ್ಗಿಸಿ ತೋರಿಸಿದ ಕೆಲಸ ಇದು.

ನಮ್ಮ ಸಂಗೀತದ ನಂಟು ಹುಡುಕುವವರಿಗೆ ಇಲ್ಲಿ ಆಧಾರ ಸಿಗುತ್ತದೆ, 1939ರಲ್ಲಿ ಅಲ್ಲ. ಕೋಲ್ಟ್ರೇನ್ ನಮ್ಮ ಸಂಗೀತವನ್ನು ಗಮನವಿಟ್ಟು ಕೇಳುತ್ತಿದ್ದ. 1961ರಲ್ಲಿ ‘ಇಂಡಿಯಾ’ ಎಂಬ ರಚನೆ ನುಡಿಸಿದ, ಮಗನಿಗೆ ರವಿಶಂಕರರ ಹೆಸರಿಟ್ಟ. ಕದಲದ ಸ್ವರದ ಮೇಲೆ ಕೂತು ನುಡಿಸುವ ಆಸೆ ಅವನಿಗೆ ಹಲವು ಕಡೆಯಿಂದ ಬಂದಿರಬಹುದು, ಎಲ್ಲವನ್ನೂ ನಮ್ಮ ಖಾತೆಗೆ ಬರೆದುಕೊಳ್ಳಬೇಕಿಲ್ಲ. ಆದರೆ ತಂಬೂರಿಯನ್ನು ನೆನಪಿಸುವುದಿದ್ದರೆ ಅದು ಸ್ಟೀವ್ ಡೇವಿಸ್‌ನ ಬೇಸ್. ಫ್ಯೂಷನ್ ಭಾಷಣಗಳಲ್ಲಿ ಈ ಹೆಸರನ್ನು ನಾನು ಇನ್ನೂ ಕೇಳಿಲ್ಲ.

ಕೋಲ್ಟ್ರೇನನ ಈ ಏರ್ಪಾಡನ್ನು ಜನರ ಬಳಿಗೆ ಒಯ್ದವನು ಅವನಂತೆಯೇ ಸ್ಯಾಕ್ಸೊಫೋನ್ ನುಡಿಸುವ ಡೆಕ್ಸ್‌ಟರ್ ಗಾರ್ಡನ್. ಕೋಲ್ಟ್ರೇನ್ ಹುಡುಗನಾಗಿದ್ದಾಗ ಗಾರ್ಡನ್ನನ ತಟ್ಟೆ ಕೇಳಿ ಕಲಿತವನು. ಈಗ ಗುರುವೇ ಶಿಷ್ಯನ ದಾರಿಯನ್ನು ಎತ್ತಿಕೊಂಡ. 1970ರಲ್ಲಿ ‘ದ ಪ್ಯಾಂಥರ್’ ಆಲ್ಬಂನಲ್ಲಿ, ಹದಿನಾಲ್ಕು ವರ್ಷದ ಯೂರೋಪ್ ವಾಸ ಮುಗಿಸಿ 1976ರಲ್ಲಿ ಅಮೆರಿಕಕ್ಕೆ ಮರಳಿದ ಮೇಲೆ ಕಛೇರಿ ಕಛೇರಿಯಲ್ಲಿ, ಕೊನೆಗೆ 1986ರ ‘ರೌಂಡ್ ಮಿಡ್‌ನೈಟ್’ ಚಿತ್ರದಲ್ಲಿ ತಾನೇ ನಾಯಕನಾಗಿ ನಟಿಸುತ್ತ ನುಡಿಸಿದ. ಬೀಟಿನ ಬೆನ್ನಿಗೆ, ಒಂದು ಕೂದಲೆಳೆ ತಡವಾಗಿ, ಆದರೆ ಎಂದೂ ತಪ್ಪದೆ. ಇಷ್ಟು ಆರಾಮವಾಗಿ ಈ ಹಾಡಿನೊಳಗೆ ಓಡಾಡಿದವರು ಬೇರೆ ಯಾರೂ ಇಲ್ಲ. ಹಾಕಿನ್ಸ್ ಹೆಚ್ಚು, ಕೋಲ್ಟ್ರೇನ್ ಹೆಚ್ಚು ಎಂಬ ವಾದದಲ್ಲಿ ತೊಡಗಿದವರಿಗೆ ನಾನು ಗಾರ್ಡನ್ನನ ಹೆಸರು ಹೇಳಿ ಎದ್ದುಬಿಡುತ್ತೇನೆ.

ಥೆಲೋನಿಯಸ್ ಮಂಕ್ 1962ರಲ್ಲಿ ಒಬ್ಬನೇ ಕೂತು ಪಿಯಾನೋದಲ್ಲಿ ನುಡಿಸಿದ್ದೂ ಕೋಲ್ಟ್ರೇನ್ ತಟ್ಟೆಯ ಕಾಲದ್ದೇ. ಮೊಂಡುತನದ, ತಮಾಷೆಯ, ಚೂಪಾದ ತಟ್ಟೆ. ಹಾಡನ್ನು ಪ್ರೀತಿಸುವವರು ಮಾತ್ರ ಹೀಗೆ ರೇಗಿಸಬಲ್ಲರು.

ಎಪ್ಪತ್ತರ ದಶಕದಲ್ಲಿ ಪುಸ್ತಕಗಳು ಮರೆತಿರುವ ತಟ್ಟೆಯೊಂದಿದೆ. 1978ರಲ್ಲಿ ಸಾರಾ ವಾನ್ ‘ಹೌ ಲಾಂಗ್ ಹ್ಯಾಸ್ ದಿಸ್ ಬೀನ್ ಗೋಯಿಂಗ್ ಆನ್’ ಎಂಬ ಆಲ್ಬಂ ಮಾಡಿದಳು. ಆಸ್ಕರ್ ಪೀಟರ್ಸನ್, ಜೋ ಪಾಸ್, ಲೂಯಿ ಬೆಲ್ಸನ್ ಎಲ್ಲ ಕೈಯಳತೆಯಲ್ಲಿ ಕೂತಿದ್ದರೂ ಈ ಹಾಡಿಗೆ ಅವಳು ಉಳಿಸಿಕೊಂಡದ್ದು ರೇ ಬ್ರೌನ್‌ನ ಬೇಸ್ ಒಂದನ್ನೇ. ಕಾರ್ಡ್ ನುಡಿಸುವ ವಾದ್ಯವೇ ಇಲ್ಲ. ಬ್ರಿಡ್ಜ್‌ನಲ್ಲಿ ಶ್ರುತಿ ಏರಿ ಇಳಿಯುವಾಗ ಅವಳು ಆತುಕೊಳ್ಳಲು ಇರುವುದು ಬೇಸಿನ ಒಂದೊಂದೇ ಸ್ವರ. ಅಳುಕಿಲ್ಲದೆ ಹೋಗಿ ಬರುತ್ತಾಳೆ. 1946ರಲ್ಲಿ ಎಳೆಯ ದನಿಯಲ್ಲಿ ಹಾಡಿದ್ದನ್ನೂ ಇದನ್ನೂ ಒಟ್ಟಿಗೆ ಕೇಳಿದರೆ ಒಬ್ಬ ಗಾಯಕಿಯ ಬೆಳವಣಿಗೆ ಮೂವತ್ತೆರಡು ವರ್ಷದ ಎರಡು ಕೊನೆಗಳಲ್ಲಿ ನಿಂತು ಕಾಣುತ್ತದೆ. ಗಾಯಕಿಯರನ್ನು ಅಲಂಕಾರವೆಂದು ಎಣಿಸಿ, ವಾದ್ಯದವರನ್ನಷ್ಟೇ ಚರಿತ್ರೆಗೆ ಸೇರಿಸುವ ಜಾಝ್ ಬರಹಗಾರರ ಚಾಳಿ ಈ ತಟ್ಟೆಗೆ ಅನ್ಯಾಯ ಮಾಡಿದೆ.

ಈಚಿನದನ್ನು ಕುರಿತು ಕೆಲವೇ ಮಾತು. ಕೀತ್ ಜಾರೆಟ್ 1990ರಲ್ಲಿ ತನ್ನ ಮೂವರ ತಂಡದೊಂದಿಗೆ ಕಛೇರಿಯಲ್ಲಿ ನುಡಿಸಿದ್ದ. 2007ರಲ್ಲಿ ತನ್ನ ಮನೆಯ ಸ್ಟುಡಿಯೋದಲ್ಲಿ ಚಾರ್ಲಿ ಹೇಡನ್‌ನ ಬೇಸ್ ಜೊತೆ ಮತ್ತೆ ನುಡಿಸಿದ. ‘ಜಾಸ್ಮಿನ್’ ಹೆಸರಿನಲ್ಲಿ 2010ರಲ್ಲಿ ಹೊರಬಂತು. ಪಿಯಾನೋ ಮತ್ತು ಬೇಸ್, ಇಬ್ಬರೇ, ಅವಸರವಿಲ್ಲ. ಎಲಿಂಗ್ಟನ್, ಬ್ಲಾಂಟನ್ ಬಿಟ್ಟ ಮಾತನ್ನು ಎಪ್ಪತ್ತು ವರ್ಷದ ಮೇಲೆ ಇವರು ಮುಂದುವರಿಸಿದರು. 2008ರಲ್ಲಿ ಎಸ್ಪೆರಾಂಜಾ ಸ್ಪಾಲ್ಡಿಂಗ್ ತಾನೇ ಬೇಸ್ ನುಡಿಸುತ್ತ ತಾನೇ ಹಾಡಿದಳು, ಸ್ಪ್ಯಾನಿಷ್‌ನಲ್ಲಿ, ಐದು ಎಣಿಕೆಯ ನಡೆಯಲ್ಲಿ. ಖಂಡ ನಡೆ ಬಲ್ಲ ನಮ್ಮ ಲಯವಾದ್ಯದವರು ಕೇಳಿದರೆ ಸಂತೋಷಪಟ್ಟಾರು. ಗಾಯಕಿ, ಬೇಸ್ ಇಬ್ಬರೂ ಒಂದೇ ದೇಹದಲ್ಲಿ ಸೇರಿದ್ದಕ್ಕೆ ಈ ಹಾಡಿನಷ್ಟು ತಕ್ಕ ಹಾಡು ಬೇರೆ ಇಲ್ಲ.

ಯುವಕರನ್ನು ಕೇಳಿದರೆ ಅವರಿಗೆ ಗೊತ್ತಿರುವುದು ಇನ್ನೊಂದು. 2011ರ ಮಾರ್ಚಿನಲ್ಲಿ ಲಂಡನ್ನಿನ ಅಬೀ ರೋಡ್ ಸ್ಟುಡಿಯೋದಲ್ಲಿ ಎಂಬತ್ತನಾಲ್ಕರ ಟೋನಿ ಬೆನೆಟ್ ಜೊತೆ ಇಪ್ಪತ್ತೇಳರ ಏಮಿ ವೈನ್‌ಹೌಸ್ ಹಾಡಿದ್ದು. ಜುಲೈಯಲ್ಲಿ ಅವಳು ತೀರಿಕೊಂಡಳು. ಅದೇ ಅವಳ ಕೊನೆಯ ಧ್ವನಿಮುದ್ರಣವಾಯಿತು. ಮರುವರ್ಷ ಗ್ರ್ಯಾಮಿ ಬಂತು. ಆ ಸಾವಿನ ನೆರಳು ಬಿದ್ದದ್ದರಿಂದ ಅದರ ಬಗ್ಗೆ ಬಿರುಸಾಗಿ ಮಾತಾಡುವುದು ಕಷ್ಟ. ಅವಳ ಉಚ್ಚಾರ, ಸಾಲನ್ನು ತಡೆದು ಬಿಡುವ ರೀತಿ ಸಾಚಾ ಜಾಝ್ ಗಾಯಕಿಯದು. ಏರ್ಪಾಡು ಮಾತ್ರ ಸಾಧಾರಣ, ತಳ ಹೇಳಿದಷ್ಟೇ ಮಾಡಿ ಕೂರುತ್ತದೆ. ಹಾಡಿನ ಚರಿತ್ರೆಗೆ ಅದು ಏನನ್ನೂ ಸೇರಿಸಲಿಲ್ಲ. ಅವಳ ಚರಿತ್ರೆಗೆ ಸೇರಿಸಿತು.

ಬೇಸ್ ಹೀಗೆ ಮರೆವಿಗೆ ಬಿದ್ದುದಕ್ಕೆ ಬರಹಗಾರರನ್ನಷ್ಟೇ ದೂರಿ ಪ್ರಯೋಜನವಿಲ್ಲ. ಹಳೆಯ ತಟ್ಟೆಗಳಲ್ಲಿ ಕೆಳಗಿನ ಸ್ವರಗಳು ಸರಿಯಾಗಿ ಮುದ್ರಣವಾಗುತ್ತಲೇ ಇರಲಿಲ್ಲ. ಈಗ ಸರಿಯಾಗಿ ಮುದ್ರಣವಾದವನ್ನು ನಾವು ಮೊಬೈಲಿನ ಕಡಲೆಕಾಳಿನಷ್ಟು ಸ್ಪೀಕರಿನಲ್ಲಿ ಕೇಳುತ್ತೇವೆ. ಅದರಲ್ಲಿ ಸ್ಯಾಕ್ಸೊಫೋನ್ ಬಿಟ್ಟು ಬೇರೇನೂ ಬರುವುದಿಲ್ಲ, ಆಗ ಎಲ್ಲವೂ ಆಲಾಪನೆಯಂತೆಯೇ ಕೇಳಿಸುತ್ತದೆ. ಈ ತಟ್ಟೆಗಳೆಲ್ಲ ಈಗ ಹುಡುಕಿದರೆ ಸಿಗುತ್ತವೆ. ಒಂದು ಒಳ್ಳೆಯ ಹೆಡ್‌ಫೋನ್ ಹಾಕಿಕೊಂಡು, ಹಾಕಿನ್ಸ್‌ನಿಂದ ಶುರುಮಾಡದೆ, ಮೊದಲು ಎಲಿಂಗ್ಟನ್ ಮತ್ತು ಬ್ಲಾಂಟನ್, ಆಮೇಲೆ ಕೋಲ್ಟ್ರೇನ್, ಆಮೇಲೆ ಸಾರಾ ವಾನ್ ಕೇಳಿ. ಅದಾದ ಮೇಲೆ 1939ರ ತಟ್ಟೆಗೆ ಬನ್ನಿ, ಸ್ಮಿತ್ ಏನು ನುಡಿಸುತ್ತಿದ್ದಾನೆಂದು ಕಿವಿಗೊಡಿ.